ಅಕ್ಕಡಿ ರಾಗಿ ಹೊಲದ ಸಾಕ್ಷ್ಯಚಿತ್ರ: 12 ದಿನದ ಶೂಟಿಂಗ್ ಹೇಗೆ ಹಂಚಿಕೊಳ್ಳೋದು?

ಪ್ರಶ್ನೆ ಕೇಳಿದವರು: ಮುಕ್ಕಾಲಿ (ಇಲ್ಲಿ ಕೇಳಿದವರು, ಉತ್ತರ ಕೊಟ್ಟವರು ಎಲ್ಲರದ್ದೂ ಅಡ್ಡಹೆಸರು)

ಕುಣಿಗಲ್ ಸೀಮೆಯ ಒಂದು ಊರಲ್ಲಿ ಎರಡು ಎಕರೆ ಖುಷ್ಕಿ, ಕೆಂಪು ಮಣ್ಣು. ಆ ಮನೆಯವರು ರಾಗಿ ಜೊತೆ ಅಕ್ಕಡಿ ಸಾಲು, ಅಂದರೆ ನಡುನಡುವೆ ಬೇರೆ ಬೆಳೆಯ ಸಾಲು, ಹಾಕೋದನ್ನು ಇನ್ನೂ ಬಿಟ್ಟಿಲ್ಲ: ಅವರೆ, ತೊಗರಿ, ಅಲಸಂದೆ, ಜೋಳ, ಹುಚ್ಚೆಳ್ಳು, ಅಂಚಿಗೆ ಹರಳು. ಬಿತ್ತನೆಯಿಂದ ಮುದ್ದೆವರೆಗೆ 30 ನಿಮಿಷದ ಸಾಕ್ಷ್ಯಚಿತ್ರ ಮಾಡಬೇಕು. ತಂಡದಲ್ಲಿ ಇಬ್ಬರೇ, ಒಬ್ಬರು ಕ್ಯಾಮೆರಾ, ಒಬ್ಬರು ಸೌಂಡ್. ಇರೋ ಸಾಮಾನು: ಒಂದು ಮಿರರ್‌ಲೆಸ್ ಬಾಡಿ, 24-105 ಲೆನ್ಸ್, ಶಾಟ್‌ಗನ್ ಮೈಕ್, ಎರಡು ವೈರ್‌ಲೆಸ್ ಲೇಪಲ್ (ಬಟ್ಟೆಗೆ ಸಿಕ್ಕಿಸೋ ಮೈಕ್), ಒಂದು ರೆಕಾರ್ಡರ್. ದುಡ್ಡು ಹೊಂದೋದು 12 ದಿನಕ್ಕೆ.

ಈಗಿನ ಲೆಕ್ಕ: ಜುಲೈನಲ್ಲಿ ಬಿತ್ತನೆ 3 ದಿನ, ನವೆಂಬರ್‌ನಲ್ಲಿ ಕಟಾವು 4, ಅದರ ಬೆನ್ನಿಗೇ ಕಣ 3, ಅಡುಗೆ ಮತ್ತು ಮಾತುಕತೆ 2. ಸರಿ ಇದೆಯಾ?

ಇನ್ನು ಮೂರು ಅನುಮಾನ. ರಾಗಿ ತೂರುವಾಗ ಗಾಳಿ, ಧೂಳು ಎರಡೂ ಇರುತ್ತೆ, ಸೌಂಡ್ ಉಳಿಸಿಕೊಳ್ಳೋದು ಹೇಗೆ? ಕತ್ತಲೆ ಅಡುಗೆಮನೆಯಲ್ಲಿ ಮುದ್ದೆ ತೆಗೆದರೆ ಕಪ್ಪು ಉಂಡೆ ಬಿಟ್ಟು ಬೇರೇನೂ ಕಾಣಲ್ಲ, ಏನು ಮಾಡಬೇಕು? ಮತ್ತೆ, ಈ ಮನೆಯವರು ಈಗ ಒಕ್ಕಣೆ ಮಾಡೋದು ಟಾರ್ ರಸ್ತೆ ಮೇಲೆ. ಒಂದು ದಿನದ ಮಟ್ಟಿಗೆ ಕಣ ಮಾಡಿಸಿ, ರೋಣಗಲ್ಲು (ತೆನೆ ಮೇಲೆ ಎತ್ತು ಎಳೆಯೋ ಉರುಳುಗಲ್ಲು) ಕಟ್ಟಿಸಿ ಶೂಟ್ ಮಾಡಿದರೆ ತಪ್ಪಾ?

ಉತ್ತರ: ಹುಚ್ಚೆಳ್ಳು ಹೂ

ನಿಮ್ಮ ಹಂಚಿಕೆಯಲ್ಲಿ ರಾಗಿ ಇದೆ, ಅಕ್ಕಡಿ ಬಿಟ್ಟುಹೋಗಿದೆ. ನವೆಂಬರ್‌ನಲ್ಲಿ ರಾಗಿ ಕೊಯ್ದಾಗ ಹೊಲದ ಕೆಲಸ ಅರ್ಧ ಮುಗಿದಿರುತ್ತೆ, ಅಷ್ಟೆ. ಅವರೆ ಕಾಯಿ ಬಲಿಯೋದು ಡಿಸೆಂಬರ್-ಜನವರಿ ಇಬ್ಬನಿಗೆ, ತೊಗರಿ ಒಣಗೋದು ಆಮೇಲೆ, ಹರಳು ಫೆಬ್ರವರಿ ದಾಟಿದರೂ ಗೊನೆ ಬಿಡ್ತಾ ಇರುತ್ತೆ. ಒಣಗಿದ ರಾಗಿ ಕೂಳೆ ನಡುವೆ ಉದ್ದಕ್ಕೂ ಹಸಿರು ಗೆರೆ ಎಳೆದ ಹಾಗೆ ಅವರೆ-ತೊಗರಿ ಸಾಲು ನಿಂತಿರೋ ನೋಟ ಅಕ್ಕಡಿ ಅಂದರೆ ಏನು ಅಂತ ಮಾತಿಲ್ಲದೆ ಹೇಳುತ್ತೆ. ಅದು ಸಿಗೋದು ಕಟಾವಾದ ಮೇಲೆ, ನೀವು ಊರಿಗೆ ವಾಪಸ್ ಹೋಗಿರೋ ಹೊತ್ತಲ್ಲಿ.

ಬಿತ್ತನೆಗೆ ತಾರೀಕು ನೋಡಿ ಹೊರಡಬೇಡಿ, ಮಳೆ ನೋಡಿ. ಆರಿದ್ರ ಜೂನ್ 21-22ಕ್ಕೆ ಹುಟ್ಟುತ್ತೆ, ಪುನರ್ವಸು ಜುಲೈ 5-6ಕ್ಕೆ, ಪುಷ್ಯ 19-20ಕ್ಕೆ. ಯಾವ ಮಳೆ ಹದ ಕೊಟ್ಟರೆ ಅದರಲ್ಲಿ ಬಿತ್ತುತ್ತಾರೆ. ಮಣ್ಣು ಹಿಡಿಯಲ್ಲಿ ಹಿಂಡಿದರೆ ಉಂಡೆ ಕಟ್ಟಬೇಕು, ಹೆಬ್ಬೆರಳಲ್ಲಿ ಒತ್ತಿದರೆ ಉದುರಬೇಕು, ಅದು ಹದ. ಕೆಂಪು ಮಣ್ಣಲ್ಲಿ ಬಿಸಿಲು ಬಿದ್ದರೆ ಎರಡು ಮೂರು ದಿನಕ್ಕೆ ಆರಿಹೋಗುತ್ತೆ. ಇಡೀ ಊರು ಅಷ್ಟರೊಳಗೆ ಬಿತ್ತಿ ಮುಗಿಸಿಬಿಡುತ್ತೆ. ಸಂಜೆ ಫೋನ್ ಬಂದರೆ ಬೆಳಿಗ್ಗೆ ಆರಕ್ಕೆ ಹೊಲದಲ್ಲಿರಬೇಕು, ಹಾಗಾಗಿ ಜೂನ್ 20ರಿಂದಲೇ ಬ್ಯಾಗ್ ಕಟ್ಟಿಟ್ಟಿರಿ. ಆದರೂ ತಪ್ಪಿಹೋಗಬಹುದು ಅಂತ ಆ ಮನೆಯ ಹುಡುಗರಿಗೆ ಮೊದಲೇ ಹೇಳಿಕೊಡಿ: ಫೋನ್ ಅಡ್ಡ ಹಿಡಿ, ಲೆನ್ಸ್ ಒರೆಸು, ಜೂಮ್ ಮುಟ್ಟಬೇಡ, ಒಂದೊಂದು ಶಾಟ್ 20 ಸೆಕೆಂಡ್ ಅಲುಗಾಡದೆ ನಿಲ್ಲು.

ಕಟಾವಿನ ದಿನ ಮಾತ್ರ ಲೆಕ್ಕ ಹಾಕಿಯೇ ಹೇಳಬಹುದು. ತಳಿ ಯಾವುದು ಕೇಳಿ, ಬಿತ್ತಿದ ದಿನಕ್ಕೆ ಕೂಡಿ. ಎಂಆರ್-1, ಎಂಆರ್-6 ಥರದ ದೊಡ್ಡ ರಾಗಿಗೆ 120 ದಿನ ಮೇಲೆ, ಜಿಪಿಯು-28ಕ್ಕೆ 110-115. ನಾಲ್ಕೈದು ದಿನ ಆಚೆ ಈಚೆ ಅಷ್ಟೆ.

ಬಿತ್ತನೆಯಲ್ಲಿ ಎಲ್ಲರೂ ಎತ್ತು ತೆಗೀತಾರೆ. ನೀವು ಎರಡು ಕೈ ತೆಗೀರಿ. ಒಂದು ಕೂರಿಗೆ (ಸಾಲಾಗಿ ಬೀಜ ಬಿತ್ತೋ ಸಾಧನ) ಬಟ್ಟಲ ಮೇಲಿನ ಕೈ. ಎಕರೆಗೆ ನಾಲ್ಕೈದು ಕೆಜಿ ರಾಗಿ ಅಷ್ಟೇ ಹೋಗಬೇಕು, ಕಾಳು ಸಾಸಿವೆಗಿಂತ ಸಣ್ಣದು, ಮುಷ್ಟಿ ಸಡಿಲಿಸೋ ಲೆಕ್ಕದ ಮೇಲೆ ಇಡೀ ಹೊಲ ನಿಂತಿದೆ. ಇನ್ನೊಂದು, ಕೂರಿಗೆ ಹಿಂದೆ ಹಗ್ಗದಲ್ಲಿ ಕಟ್ಟಿದ ಸಡ್ಡೆಗೆ (ಕಾಳು ಇಳಿಬಿಡೋ ಕೊಳವೆ) ಅಕ್ಕಡಿ ಕಾಳು ಬಿಡೋರ ಕೈ. ಅದು ಸಾಮಾನ್ಯವಾಗಿ ಹೆಂಗಸಿನ ಕೈ, ಸಾಮಾನ್ಯವಾಗಿ ಫ್ರೇಮಿನಿಂದ ಹೊರಗೆ. ಬಿತ್ತನೆ ಶುರುವಾಗೋ ಮುಂಚೆ ಆ ಕಾಳೆಲ್ಲ ಮೊರದಲ್ಲಿ ಬೆರೆಸ್ತಾರೆ: ಅವರೆ ಬಿಳಿ ಮೂಗು, ತೊಗರಿ ಕೆಂಪು, ಹರಳಿನ ಮಚ್ಚೆ. ಎಳೆ ಬಿಸಿಲಲ್ಲಿ ಅದನ್ನು ಮೇಲಿಂದ ಒಂದು ನಿಮಿಷ ತೆಗೆದಿಟ್ಟುಕೊಳ್ಳಿ. ಮುಂದೆ ಒಂದೊಂದು ಗಿಡ ಬಂದಾಗಲೂ ಎಡಿಟಿಂಗಲ್ಲಿ ಆ ಶಾಟ್‌ಗೆ ವಾಪಸ್ ಬರ್ತೀರಿ. ಟ್ರ್ಯಾಕ್ಟರ್ ಕೂರಿಗೆ ಬಂದರೆ ಅದನ್ನೇ ತೆಗೀರಿ, ಮುಖ ತಿರುಗಿಸಬೇಡಿ.

ಎಷ್ಟು ಸಾಲಿಗೆ ಒಂದು ಅಕ್ಕಡಿ ಅನ್ನೋದನ್ನು ನಿರೂಪಣೆಯಲ್ಲಿ ಹೇಳಬೇಡಿ. ಊರಿಂದೂರಿಗೆ 6, 8, 12 ಅಂತ ಬದಲಾಗುತ್ತೆ. ಬೆಂಗಳೂರು ಕೃಷಿ ವಿಶ್ವವಿದ್ಯಾಲಯದ ಶಿಫಾರಸು ಎಂಟು ಸಾಲು ರಾಗಿಗೆ ಎರಡು ಸಾಲು ತೊಗರಿ. ಆ ಮನೆಯವರೇ ಸಾಲು ದಾಟುತ್ತಾ ಎಣಿಸಲಿ, ಕ್ಯಾಮೆರಾ ಪಕ್ಕದಲ್ಲಿ ನಡೆಯಲಿ.

ನಡುವಿನದ್ದು ಬೇಗ ಹೇಳಿಬಿಡ್ತೀನಿ. ಬಿತ್ತಿದ ಮೂರು ವಾರದ ಸುಮಾರಿಗೆ ಹಲುಬೆ (ಹಲ್ಲಿರೋ ಉಳುಮೆ ಸಾಧನ) ಹೊಡೀತಾರೆ, ಪೈರು ತೆಳುವಾಗೋಕೆ. ನೋಡೋರಿಗೆ ಬೆಳೆ ಹಾಳು ಮಾಡ್ತಿದಾರೆ ಅನ್ನಿಸುತ್ತೆ, ಅದಕ್ಕೇ ಅದು ಚಿತ್ರಕ್ಕೆ ಬೇಕು. ಅಕ್ಟೋಬರ್ ಹೊತ್ತಿಗೆ ಹುಚ್ಚೆಳ್ಳು ಹಳದಿ ಹೂ, ಬೆಳಿಗ್ಗೆ ಎಂಟರಿಂದ ಹತ್ತು ಜೇನು ಜಾಸ್ತಿ. ತೆನೆ ಬಿಟ್ಟಾಗ ಮಳೆ-ಮೋಡ ಹಿಡಿದುಕೊಂಡರೆ ಬೆಂಕಿ ರೋಗ ಬರುತ್ತೆ. ತೆನೆಯ ಕುತ್ತಿಗೆ ಕಪ್ಪಾಗಿ, ಇಲುಕು (ತೆನೆಯ ಬೆರಳು) ಜೊಳ್ಳಾಗುತ್ತೆ. ಅದನ್ನೂ ಹತ್ತಿರದಿಂದ ತೆಗೀರಿ, ಒಳ್ಳೆ ತೆನೆ ಪಕ್ಕದಲ್ಲಿಟ್ಟು.

ಕಟಾವಿನ ಬೆನ್ನಿಗೇ ಕಣ ಅನ್ನೋದು ಆಗಲ್ಲ. ಕೊಯ್ದ ಅರಿ (ತೆನೆ ಸಮೇತದ ಹಿಡಿ) ಮೂರು ನಾಲ್ಕು ದಿನ ಹೊಲದಲ್ಲೇ ಒಣಗಬೇಕು, ಕಂತೆ ಕಟ್ಟಬೇಕು, ಮೆದೆ (ಬಣವೆ) ಒಟ್ಟಬೇಕು. ಒಕ್ಕೋದು ಸಂಕ್ರಾಂತಿ ಅಕ್ಕಪಕ್ಕ, ಇಲ್ಲ ಆಳು ಸಿಕ್ಕಾಗ.

ನನ್ನ ಹಂಚಿಕೆ: ಬಿತ್ತನೆ 2, ಹಲುಬೆ-ಕುಂಟೆ 1, ಹುಚ್ಚೆಳ್ಳು ಹೂ 1, ಕಟಾವು 2, ಮೆದೆ 1, ಒಕ್ಕಣೆ 2, ಅವರೆ ಕೊಯ್ಲು ಮತ್ತು ಅಡುಗೆ 2, ಫೆಬ್ರವರಿಯ ತೊಗರಿ-ಹರಳು 1. ಹನ್ನೆರಡೇ ಆಯ್ತು, ಆದರೆ ಎಂಟು ಸಲ ಓಡಾಡಬೇಕು. ಬಾಡಿಗೆ ಕಾರಿನ ಬದಲು ಬಸ್ಸಿಗೆ ಒಗ್ಗೋ ಅಷ್ಟು ಸಾಮಾನು ಇಟ್ಟುಕೊಳ್ಳಿ.

ಉತ್ತರ: ಬೂಮ್ ಕೋಲು

ಸೌಂಡ್ ವಿಚಾರ. ತೂರೋಕೆ ಗಾಳಿ ಬೇಕೇ ಬೇಕು, ಗಾಳಿ ನಿಂತರೆ ಕೆಲಸವೂ ನಿಂತಿತು. ಹಾಗಾಗಿ ಗಾಳಿ ತಪ್ಪಿಸೋ ಮಾತೇ ಇಲ್ಲ, ಎಲ್ಲಿ ನಿಲ್ತೀರಿ ಅನ್ನೋದಷ್ಟೇ. ಹೊಟ್ಟು ಹಾರೋ ದಿಕ್ಕು ನೋಡಿ, ಅದರ ಎದುರು ಬದಿಗೆ ಹೋಗಿ, ಗಾಳಿಗೆ ಬೆನ್ನು ಕೊಟ್ಟು ನಿಲ್ಲಿ. ಮೈಕಿನ ಬಾಯಿಗೆ ನೇರ ಹೊಡೆತ ಬೀಳಲ್ಲ, ಲೆನ್ಸಿಗೆ ಸುಂಕು (ಹೊಟ್ಟಿನ ಧೂಳು) ಬರಲ್ಲ. ಬರೀ ಸ್ಪಂಜು ಸಾಲದು, ಅದರ ಮೇಲೆ ರೋಮದ ಹೊದಿಕೆ ಹಾಕಿ. ಲೋ ಕಟ್ (ತಗ್ಗಿನ ಗುಂಯ್ ಶಬ್ದ ಕತ್ತರಿಸೋ ಆಯ್ಕೆ) 80 ಹರ್ಟ್ಸ್. ರೆಕಾರ್ಡಿಂಗ್ 24 ಬಿಟ್, 48 ಕಿಲೋಹರ್ಟ್ಸ್, ಮಾತು ಏರಿದಾಗ -12 ಡೆಸಿಬೆಲ್ ಸುತ್ತ ಇರಲಿ. ರೆಕಾರ್ಡರ್‌ನಲ್ಲಿ 32 ಬಿಟ್ ಫ್ಲೋಟ್ ಇದ್ದರೆ ಮಟ್ಟದ ತಲೆನೋವು ಇಲ್ಲ, ಆದರೆ ಗಾಳಿಯ ಗುಡುಗನ್ನು ಅದೂ ತೆಗೆಯಲ್ಲ.

ತೂರೋರನ್ನು ತೂರುವಾಗ ಮಾತಾಡಿಸಬೇಡಿ. ಮಾತು ಮೆದೆ ಮರೆಯಲ್ಲಿ, ನೆರಳಲ್ಲಿ ಮಾಡಿಸಿ. ಹುಲ್ಲಿನ ಮೆದೆಗಿಂತ ಒಳ್ಳೆ ಸೌಂಡ್ ರೂಮು ಹಳ್ಳಿಯಲ್ಲಿ ಸಿಗಲ್ಲ, ಪ್ರತಿಧ್ವನಿ ಪೂರ್ತಿ ನುಂಗುತ್ತೆ.

ಲೇಪಲ್ ಕೆಡೋದು ಬಟ್ಟೆಯಿಂದ. ಗಂಡಸರ ಹೆಗಲ ಟವೆಲ್, ಹೆಂಗಸರ ಸೆರಗು, ಬಳೆ. ಮೈಕನ್ನು ಮೈಕ್ರೋಪೋರ್ ಟೇಪಲ್ಲಿ ಅಂಟಿಸಿ, ವೈರನ್ನು ಒಂದು ಸುತ್ತು ಸುತ್ತಿ ಇನ್ನೊಂದು ಟೇಪ್ ಹಾಕಿ, ಎಳೆತ ಮೈಕಿಗೆ ತಲುಪಬಾರದು. 2.4 ಗಿಗಾಹರ್ಟ್ಸ್ ವೈರ್‌ಲೆಸ್ಸಿಗೆ ಮನುಷ್ಯನ ಮೈಯೇ ಗೋಡೆ. ಕೂರಿಗೆ ಹಿಡಿದವರು ಬೆನ್ನು ತಿರುಗಿಸಿದ ತಕ್ಷಣ ಕಟ್ ಆಗುತ್ತೆ. ಟ್ರಾನ್ಸ್‌ಮಿಟರ್ ಒಳಗೇ ರೆಕಾರ್ಡ್ ಆಗೋ ಮಾಡೆಲ್ ಆದರೆ ಆ ಆಯ್ಕೆ ಆನ್ ಮಾಡಿಡಿ, ಇಲ್ಲದಿದ್ದರೆ ಸೊಂಟದ ಹಿಂದೆ ಬೇಡ, ಕ್ಯಾಮೆರಾ ಕಡೆಯ ಪಕ್ಕಕ್ಕೆ ಸಿಕ್ಕಿಸಿ.

ಎತ್ತಿನ ಕಣ್ಣೆದುರು ಬೂಮ್ (ಮೈಕ್ ಕಟ್ಟಿದ ಉದ್ದ ಕೋಲು) ಆಡಿಸಬೇಡಿ. ಬೆದರಿ ಪಕ್ಕಕ್ಕೆ ಎಳೆದರೆ ಸಾಲು ಸೊಟ್ಟ ಆಗುತ್ತೆ, ಆ ಸೊಟ್ಟ ಕೊಯ್ಲಿನ ತನಕ ಹೊಲದಲ್ಲೇ ಇರುತ್ತೆ. ಎತ್ತು ನೊಗದಲ್ಲಿರೋವಾಗ ಡ್ರೋನ್ ಕೂಡ ಬೇಡ.

ಇನ್ನೊಂದು, ಯಾರೂ ಮೊದಲೇ ವಿಚಾರಿಸದ ವಿಷಯ: ಪಕ್ಕದ ತೋಟದ ಪಂಪ್‌ಸೆಟ್. ಆಟೋ ಸ್ಟಾರ್ಟರ್ ಇರೋದರಿಂದ ತ್ರೀ ಫೇಸ್ ಬಂದ ಕ್ಷಣ ತಾನೇ ಶುರುವಾಗುತ್ತೆ, ಹೋಗೋವರೆಗೂ ನಿಲ್ಲಲ್ಲ. ಆ ವಾರ ಕರೆಂಟ್ ಯಾವ ಹೊತ್ತಿಗೆ ಅಂತ ಲೈನ್‌ಮನ್ ಹತ್ತಿರ ಕೇಳಿ, ಸಂದರ್ಶನವನ್ನು ಅದರ ಆಚೆಗೆ ಇಡಿ.

ಚಿತ್ರ ತೆಗೆಯದೆ ಬರೀ ಶಬ್ದಕ್ಕಂತ ಅರ್ಧ ಗಂಟೆ ಮೀಸಲಿಡಿ. ಕುಡುಗೋಲು ರಾಗಿ ಬುಡ ಸೀಳೋ ಸರಕ್, ಮೊರದಲ್ಲಿ ಕೇರೋದು, ತೂರಿದ ಕಾಳು ರಾಶಿ ಮೇಲೆ ಬೀಳೋದು, ಕೂರಿಗೆ ಕಿರುಗುಟ್ಟೋದು, ಒಂದೊಂದು ನಿಮಿಷ. ಎಡಿಟಿಂಗಲ್ಲಿ ಅರ್ಧ ಚಿತ್ರ ಇದರ ಮೇಲೇ ನಡೆಯುತ್ತೆ.

ಉತ್ತರ: ಕವೆಗೋಲು

ಮುದ್ದೆ ಕಪ್ಪಾಗಿ ಕಾಣೋದು ಕತ್ತಲೆಯಿಂದಲ್ಲ, ಬೆಳಕು ಎದುರಿಂದ ಬೀಳೋದರಿಂದ. ಮುದ್ದೆಗೆ ಇರೋದು ಒದ್ದೆ ಮೈಯ ಹೊಳಪು, ಆ ಹೊಳಪು ಪಕ್ಕದ ಅಥವಾ ಹಿಂದಿನ ಬೆಳಕಿಗಷ್ಟೇ ಏಳುತ್ತೆ. ಒಲೆ ಹಿಂದೆ ಕಿಟಕಿ ಅಥವಾ ಬಾಗಿಲು ಬರೋ ಹಾಗೆ ಕೂತುಕೊಳ್ಳಿ, ಹಬೆಯೂ ಆವಾಗಲೇ ಕಾಣೋದು. ಎಕ್ಸ್‌ಪೋಷರ್ ಆಟೋ ಬಿಟ್ಟರೆ ಕ್ಯಾಮೆರಾ ಕಪ್ಪನ್ನು ಬೂದಿ ಮಾಡೋಕೆ ಹೋಗಿ ಹಬೆ, ಬಾಗಿಲು ಎರಡನ್ನೂ ಬರೀ ಬಿಳಿಯಾಗಿ ಸುಟ್ಟುಹಾಕುತ್ತೆ. ಮ್ಯಾನುಯಲ್ ಹಾಕಿ, ಹಬೆ ಸುಡದ ಹಾಗೆ ಇಳಿಸಿ. ವೈಟ್ ಬ್ಯಾಲೆನ್ಸ್ ಕೂಡ ಆಟೋ ಬೇಡ. ಬೆಂಕಿ 2000 ಕೆಲ್ವಿನ್ ಆಸುಪಾಸು, ಬಾಗಿಲ ಬೆಳಕು 5600. 4000-4300ಕ್ಕೆ ನಿಲ್ಲಿಸಿದರೆ ಬೆಂಕಿ ಕೆಂಪಗೆ, ಬಾಗಿಲು ತಣ್ಣಗೆ ಉಳಿಯುತ್ತೆ. ನಮ್ಮ ಕರೆಂಟ್ 50 ಹರ್ಟ್ಸ್, ಹಾಗಾಗಿ 25 ಫ್ರೇಮ್, ಶಟರ್ 1/50. ಅಗ್ಗದ ಎಲ್‌ಇಡಿ ಬಲ್ಬ್ ಇದ್ದರೆ ಆದರೂ ಪಟ್ಟೆ ಓಡಬಹುದು, ಆರಿಸಿಬಿಡಿ.

ಮುದ್ದೆ ಕೆಲಸದ ವೇಗ ತಿಳ್ಕೊಂಡು ಕ್ಯಾಮೆರಾ ಇಡಿ. ಒಂದು ಅಳತೆ ಹಿಟ್ಟಿಗೆ ಹೆಚ್ಚುಕಮ್ಮಿ ಎರಡು ಅಳತೆ ನೀರು. ತಣ್ಣೀರಲ್ಲಿ ಕದಡಿದ ಒಂದೆರಡು ಚಮಚ ಹಿಟ್ಟು ಮೊದಲು ಎಸರಿಗೆ, ಇಲ್ಲ ನುಚ್ಚು. ಕುದಿ ಬಂದಮೇಲೆ ಹಿಟ್ಟನ್ನು ನಡುವೆ ಗುಡ್ಡೆಯಾಗಿ ಸುರೀತಾರೆ, ಕಲಕಲ್ಲ. ಕೋಲಲ್ಲಿ ಒಂದು ತೂತು ಮಾಡಿದರೆ ಎಸರು ಗುಡ್ಡೆ ಸುತ್ತ ಉಕ್ಕಿ, ತೂತಿನಿಂದಲೂ ಲೊಚಕ್ ಲೊಚಕ್ ಅಂತ ಮೇಲೆ ಬರುತ್ತೆ. ಎರಡು ಸೌದೆ ಹೊರಗೆಳೆದು ಐದರಿಂದ ಎಂಟು ನಿಮಿಷ ಹಾಗೇ ಬೇಯಬೇಕು. ಕ್ಲೋಸಪ್ ತೆಗೆಯೋಕೆ ನಿಮಗೆ ಪುರುಸೊತ್ತು ಸಿಗೋದು ಇಲ್ಲಿ ಮಾತ್ರ. ಆಮೇಲೆ ಕವೆಗೋಲಲ್ಲಿ (ಕವಲಿರೋ ಕೋಲು) ಪಾತ್ರೆ ಅದುಮಿ ಹಿಡಿದು ತಿರುವೋದು, ಹಲಗೆಗೆ ಹಾಕೋದು, ಒದ್ದೆ ಕೈಯಲ್ಲಿ ಕಟ್ಟೋದು ಎಲ್ಲ ಎರಡು ಮೂರು ನಿಮಿಷದಲ್ಲಿ ಮುಗಿಯುತ್ತೆ. "ಇನ್ನೊಂದ್ಸಲ ತಿರುವಿ" ಅಂದರೆ ಆಗಲ್ಲ, ಆರಿದ ಹಿಟ್ಟು ಗಂಟಾಗುತ್ತೆ, ಮೇಲೆ ಸಿಪ್ಪೆ ಕಟ್ಟುತ್ತೆ.

ಹಾಗಾಗಿ ಒಕ್ಕಣೆಗೋ ಅವರೆ ಕೀಳೋದಕ್ಕೋ ಆಳು ಕರೆದ ದಿನ ಅಡುಗೆ ಶೂಟ್ ಮಾಡಿ. ಹತ್ತು ಹನ್ನೆರಡು ಜನಕ್ಕೆ ಎರಡು ಮೂರು ಸಲ ಹಿಟ್ಟು ಇಡಲೇಬೇಕು. ಮೊದಲ ಸಲ ದೂರದಿಂದ, ಸೌಂಡ್ ಸಮೇತ ಒಂದೇ ಟೇಕ್. ಎರಡನೇ ಸಲ ಕೈ, ಕೋಲು. ಯಾರೂ ನಾಟಕ ಮಾಡಬೇಕಿಲ್ಲ, ಅಡುಗೆ ದಂಡವೂ ಆಗಲ್ಲ. ಜನವರಿಯಾದರೆ ಜೊತೆಗೆ ಸೊಗಡಿನ ಅವರೆಕಾಳು ಸಾರು. ನವೆಂಬರ್‌ನಲ್ಲಿ ಅಡುಗೆ ತೆಗೆದಿದ್ದರೆ ತಟ್ಟೆಯಲ್ಲಿ ಅಂಗಡಿ ಬೇಳೆ ಇರ್ತಿತ್ತು, ಚಿತ್ರದ ಕಾಲಿಗೇ ಕೊಡಲಿ.

ಹಬೆಗೆ ಲೆನ್ಸ್ ಮಂಜು ಹಿಡಿಯುತ್ತೆ. ಚಳಿಯಲ್ಲಿ ಹೊರಗಿದ್ದ ಕ್ಯಾಮೆರಾವನ್ನು ಬ್ಯಾಗಿನ ಸಮೇತ 20 ನಿಮಿಷ ಮೊದಲೇ ಒಳಗಿಡಿ.

ಹೊರಗಿನ ಬೆಳಕಿಗೆ ಒಂದು ಲೆಕ್ಕ. ನೆತ್ತಿ ಬಿಸಿಲಲ್ಲಿ 1/50, ಐಎಸ್‌ಒ 100, ಎಫ್ 5.6 ಬೇಕಂದರೆ ಬೆಳಕನ್ನು ನಾಲ್ಕು ಸ್ಟಾಪ್ (ಒಂದೊಂದಕ್ಕೂ ಅರ್ಧ) ಇಳಿಸಬೇಕು, ಅಂದರೆ ಲೆನ್ಸಿಗೆ ಕಪ್ಪು ಗಾಜಿನ ಫಿಲ್ಟರ್ ಎನ್‌ಡಿ 16. ಲಾಗ್‌ನಲ್ಲಿ (ಬಣ್ಣ ಆಮೇಲೆ ತಿದ್ದೋಕೆ ಮಂಕಾಗಿ ತೆಗೆಯೋ ಮೋಡ್) ಐಎಸ್‌ಒ 800ಕ್ಕಿಂತ ಇಳಿಯದ ಕ್ಯಾಮೆರಾ ಆದರೆ ಏಳು ಸ್ಟಾಪ್, ಎನ್‌ಡಿ 128. ವೇರಿಯಬಲ್ ಎನ್‌ಡಿಯನ್ನು ಕೊನೆತನಕ ತಿರುಗಿಸಿದರೆ ಆಕಾಶದಲ್ಲಿ ಅಡ್ಡಗೀಟಿನಂಥ ಕಪ್ಪು ಬರುತ್ತೆ, ಅದಕ್ಕೇ ಒಂದು ಬಿಡಿ ಎನ್‌ಡಿ ಇಟ್ಟುಕೊಳ್ಳಿ. 100 ಮೆಗಾಬಿಟ್‌ಗೆ ಗಂಟೆಗೆ 45 ಜಿಬಿ. ದಿನಕ್ಕೆ ಎರಡು ಗಂಟೆ ಅಂದರೂ 12 ದಿನಕ್ಕೆ ಸುಮಾರು 1.1 ಟಿಬಿ. 2 ಟಿಬಿ ಡಿಸ್ಕ್ ಎರಡು ಕೊಂಡು, ಬೇರೆ ಬೇರೆ ಮನೆಯಲ್ಲಿಡಿ.

ಉತ್ತರ: ಒಂದರಿ

ಕಣದ ಪ್ರಶ್ನೆ ಯಾರೂ ಮುಟ್ಟಿಲ್ಲ. ಒಂದು ದಿನದಲ್ಲಿ ಕಣ ಆಗಲ್ಲ ಅನ್ನೋದು ಮೊದಲ ಮಾತು. ಹುಲ್ಲು ಕೆರೆದು, ನೀರು ಹೊಯ್ದು, ತುಳಿಸಿ ಗಟ್ಟಿ ಮಾಡಿ, ಸಗಣಿ ಬಗ್ಗಡ ಸಾರಿಸಿ ಒಣಗಿಸಬೇಕು. ಅರೆಬರೆ ಮಾಡಿದರೆ ರೋಣಗಲ್ಲು ಉರುಳಿದ ಕಡೆ ಮಣ್ಣೇಳುತ್ತೆ, ಆ ಮನೆಯವರ ಒಂದು ವರ್ಷದ ರಾಗಿಗೆ ಮಣ್ಣು ಕಲ್ಲು ಸೇರುತ್ತೆ. ನಿಮ್ಮ ಶಾಟ್‌ಗೋಸ್ಕರ ಅವರು ವರ್ಷವಿಡೀ ಹಲ್ಲಲ್ಲಿ ಕಲ್ಲು ಕಡೀಬೇಕಾಗುತ್ತೆ.

ರಸ್ತೆ ಒಕ್ಕಣೆಯನ್ನೇ ತೆಗೀರಿ. ಯಾಕೆ ರಸ್ತೆಗೆ ಬಂದರು ಅನ್ನೋದೇ ದೊಡ್ಡ ಕತೆ: ಎಷ್ಟೋ ಮನೆಯವರು ಎತ್ತು ಮಾರಿದ್ದಾರೆ, ಕಣದ ಜಾಗದಲ್ಲಿ ಅಡಿಕೆ ಬಂದಿದೆ, ಆಳಿಲ್ಲ, ಹೋಗೋ ಬಸ್ಸು ಲಾರಿ ಬಿಟ್ಟಿ ತುಳಿದು ಕೊಡುತ್ತೆ. ಅಜ್ಜಿ ರೋಣಗಲ್ಲಿನ ಕಾಲ ಹೇಳುವಾಗ ಹಿತ್ತಲಲ್ಲಿ ಬಿದ್ದಿರೋ ಕಲ್ಲು ತೋರಿಸಿ, ಅಷ್ಟು ಸಾಕು. ಹಟಕ್ಕೆ ಬಿದ್ದು ಮಾಡಿಸಿದರೂ "ಚಿತ್ರಕ್ಕಾಗಿ ಮಾಡಿ ತೋರಿಸಿದ್ದು" ಅಂತ ಪರದೆ ಮೇಲೆ ಬರೀರಿ.

ರಸ್ತೆ ಮಧ್ಯೆ ನಿಂತು ಶೂಟ್ ಮಾಡಬೇಡಿ. ರಾಗಿ ಹುಲ್ಲಿನ ಮೇಲೆ ಬೈಕ್ ಜಾರೋದು ಮಾಮೂಲು, ಕಾರಿನಡಿ ಹುಲ್ಲು ಸುತ್ತಿಕೊಂಡು ಸೈಲೆನ್ಸರ್ ಶಾಖಕ್ಕೆ ಹೊತ್ತಿಕೊಳ್ಳೋ ಅಪಾಯವೂ ಇದೆ. ಎರಡೂ ಕಡೆ ನೂರು ಮೀಟರ್ ಮುಂದೆ ಒಬ್ಬೊಬ್ಬರು ನಿಲ್ಲಲಿ, ನೀವು ಬದುವಿನ ಮೇಲಿಂದ 105ರಲ್ಲಿ ತೆಗೀರಿ. ಧೂಳಿನಲ್ಲಿ ಲೆನ್ಸ್ ಬದಲಾಯಿಸಬೇಡಿ. ಮತ್ತೆ, ರಸ್ತೆ ಮೇಲೆ ಒಕ್ಕೋದು ಕಾನೂನಿಗೆ ಒಪ್ಪದ ಕೆಲಸ. ಮುಖ, ಮನೆ, ಗಾಡಿ ನಂಬರ್ ತೋರಿಸಬಹುದಾ ಅಂತ ಮನೆಯವರನ್ನು ಬಿಡಿಸಿ ಕೇಳಿ.

ಒಪ್ಪಿಗೆ ಪತ್ರ ಕನ್ನಡದಲ್ಲಿರಲಿ, ಒಂದೇ ಪುಟ. ಓದಿ ಹೇಳಿ, ಅವರ ಒಪ್ಪಿಗೆಯ ಮಾತು ರೆಕಾರ್ಡ್ ಮಾಡಿ. ಪಹಣಿಯಲ್ಲಿ ಹೆಸರು ಒಬ್ಬರದು, ಉಳೋರು ಇನ್ನೊಬ್ಬರು ಆಗಿದ್ದರೆ ಇಬ್ಬರ ಸಹಿಯೂ ಬೇಕು. ಬೀಜ, ಅಡುಗೆ ಬಗ್ಗೆ ಮಾತಾಡೋ ಹೆಂಗಸರ ಸಹಿ ಅವರದ್ದೇ, ಗಂಡನದಲ್ಲ. ಕೆಲಸ ನಿಲ್ಲಿಸಿ ನಿಮ್ಮ ಜೊತೆ ಕೂತರೆ ಆ ದಿನದ ಕೂಲಿ ಕೊಡಿ. ರಫ್ ಕಟ್ (ಚಿತ್ರದ ಮೊದಲ ಕರಡು) ಅವರಿಗೆ ಮೊದಲು ತೋರಿಸಿ. ಟಾಕೀಸಿನಂಥ ಸಾರ್ವಜನಿಕ ಪ್ರದರ್ಶನಕ್ಕೆ 1952ರ ಸಿನಿಮಾಟೋಗ್ರಾಫ್ ಕಾಯ್ದೆ ಪ್ರಕಾರ ಸೆನ್ಸಾರ್ ಪತ್ರ ಬೇಕು, ಎತ್ತು-ದನ ಇರೋದರಿಂದ ಪ್ರಾಣಿ ಕಲ್ಯಾಣ ಮಂಡಳಿಯ ಎನ್‌ಒಸಿ ಮಾತೂ ಬರುತ್ತೆ, ಅದಕ್ಕೆ ಸಮಯ ಇಟ್ಟುಕೊಳ್ಳಿ.

ಅಳತೆ ವಿಚಾರಕ್ಕೆ ಸೇರು, ಕೊಳಗ, ಪಲ್ಲ ಅಂದಿದ್ದನ್ನು ಹಾಗೇ ಕೆಜಿ ಮಾಡಿ ಬರೀಬೇಡಿ. ಸೇರು ಊರಿಂದೂರಿಗೆ ಬೇರೆ. ಅವರ ಕೊಳಗದಲ್ಲಿ ರಾಗಿ ಅಳೆಸಿ, ತಕ್ಕಡಿಗೆ ಹಾಕಿಸಿ, ಆ ಶಾಟ್ ಇಡಿ. ಬೆಂಬಲ ಬೆಲೆಯನ್ನು ನಿರೂಪಣೆಯಲ್ಲಿ ಹೇಳಿಸಲೂಬೇಡಿ. ಕ್ವಿಂಟಲಿಗೆ 2023-24ರಲ್ಲಿ 3,846 ಇದ್ದದ್ದು 2024-25ಕ್ಕೆ 4,290, 2025-26ಕ್ಕೆ 4,886 ಆಯ್ತು. ವರ್ಷದ ಸಮೇತ ಅಕ್ಷರದಲ್ಲಿ ಹಾಕಿದರೆ ಆಮೇಲೆ ತಿದ್ದಬಹುದು, ದನಿಯಲ್ಲಿ ಹೇಳಿದ್ದನ್ನು ತಿದ್ದೋಕೆ ಮತ್ತೆ ಸ್ಟುಡಿಯೋಗೆ ಹೋಗಬೇಕು.

ಮುಕ್ಕಾಲಿ

ಎಲ್ಲರಿಗೂ ಥ್ಯಾಂಕ್ಸ್. ಕಣ ಕೈಬಿಟ್ಟಿದ್ದೀನಿ, ಹಂಚಿಕೆ ಹುಚ್ಚೆಳ್ಳು ಹೂ ಅವರು ಹೇಳಿದ ಹಾಗೇ ಬದಲಾಯಿಸ್ತೀನಿ. ಕೊನೇದೊಂದು: ಟೆಸ್ಟ್‌ಗೆ ಅಂತ ಪ್ರೀಮಿಯರ್‌ನಲ್ಲಿ (ಎಡಿಟಿಂಗ್ ಸಾಫ್ಟ್‌ವೇರ್) ಕನ್ನಡ ಟೈಟಲ್ ಹಾಕಿದರೆ "ಅಕ್ಕಡಿ"ಯ ಕ್ಕ ಒಡೆದು ಎರಡು ಕ ಅಕ್ಕಪಕ್ಕ ಕೂರ್ತಿದೆ. ಫಾಂಟ್ ಬದಲಾಯಿಸಿದರೂ ಅದೇ.

ಉತ್ತರ: ಬೂಮ್ ಕೋಲು

ಫಾಂಟ್ ತಪ್ಪಲ್ಲ. ಪ್ರಿಫರೆನ್ಸಸ್‌ನಲ್ಲಿ ಗ್ರಾಫಿಕ್ಸ್ ಭಾಗಕ್ಕೆ ಹೋಗಿ, ಟೆಕ್ಸ್ಟ್ ಎಂಜಿನ್ ಅನ್ನು "ಸೌತ್ ಏಷ್ಯನ್ ಅಂಡ್ ಮಿಡಲ್ ಈಸ್ಟರ್ನ್" ಮಾಡಿ, ಆಮೇಲೆ ಹೊಸದಾಗಿ ಟೈಟಲ್ ಹಾಕಿ ನೋಡಿ. ಹಳೇ ಟೈಟಲ್ ತಾನಾಗೇ ಸರಿಹೋಗದಿದ್ದರೆ ಅಳಿಸಿ ಮತ್ತೆ ಟೈಪ್ ಮಾಡಿ. ಅಕ್ಷರ ಯೂನಿಕೋಡ್‌ನಲ್ಲೇ ಇರಬೇಕು. ನುಡಿಯ ಹಳೇ ಆಸ್ಕಿ ಫಾಂಟಲ್ಲಿ ಟೈಪ್ ಮಾಡಿದ್ದನ್ನು ಅಂಟಿಸಿದರೆ ಅಡ್ಡಾದಿಡ್ಡಿ ಇಂಗ್ಲಿಷ್ ಅಕ್ಷರ ಬರುತ್ತೆ. ಸಬ್‌ಟೈಟಲ್‌ನ ಎಸ್‌ಆರ್‌ಟಿ ಫೈಲ್ ಯುಟಿಎಫ್-8ರಲ್ಲಿ ಸೇವ್ ಮಾಡಿ. ಎರಡು ಸಾಲು ದಾಟಿಸಬೇಡಿ, ಸಾಲಿನ ನಡುವೆ ಜಾಗ ಸ್ವಲ್ಪ ಜಾಸ್ತಿ ಬಿಡಿ, ಇಲ್ಲದಿದ್ದರೆ ಮೇಲಿನ ಸಾಲಿನ ಒತ್ತಕ್ಷರ ಕೆಳಗಿನ ಸಾಲಿನ ಗುಡಿಸಿಗೆ ತಾಗುತ್ತೆ.